ಬಣ್ಣಗಳ ಸೋದರತ್ತೆ

ದೊಡ್ಡಬಳ್ಳಾಪುರದ ಪೇಟೆ ಕಡೆಯ ಒಂದು ನೇಕಾರರ ಸಂಘಕ್ಕೆ ಹಿಂದುಗಡೆ ಒಂದು ಕಿಟಕಿ ಇದೆ. ಗಾಳಿ ಬೆಳಕಿಗೆ ಇಟ್ಟ ಕಿಟಕಿಯಲ್ಲ ಅದು. ಬಣ್ಣ ಹಾಕಿದ ನೂಲಿನ ಲಡಿಗಳನ್ನು ಮಗ್ಗದ ಮನೆಯವರಿಗೆ ಎತ್ತಿಕೊಡುವ ಕಿಟಕಿ. ಒಳಗೆ ಒಂದು ಸ್ಟೂಲು. ಸ್ಟೂಲಿನ ಮೇಲೆ ಮುನಿರತ್ನಮ್ಮ. ಮಗನನ್ನು ಕಂಕುಳಲ್ಲಿ ಎತ್ತಿಕೊಂಡು ಬಂದು ಕೂತವಳು. ಈಗ ಆ ಮಗ ದೇವನಹಳ್ಳಿ ಏರ್‌ಪೋರ್ಟಿನಲ್ಲಿ ಸಾಮಾನು ಸಾಗಿಸುವ ಗಾಡಿ ಓಡಿಸುತ್ತಾನೆ, ಇವಳು ಇನ್ನೂ ಅಲ್ಲೇ ಕೂತಿದ್ದಾಳೆ.

ಅವಳ ತವರು ದೇವನಹಳ್ಳಿ ಪಕ್ಕದ ವಿಜಯಪುರ, ರೇಷ್ಮೆ ಹುರಿ ಮಾಡುವ ಮನೆ. ಮದುವೆಯಾಗಿ ಇಲ್ಲಿಗೆ ಬಂದ ಮೇಲೆ ಹಿಂದೆಯೇ ತಮ್ಮ ಯೋಗಾನಂದನೂ ಬಂದು ಸಂಘದ ಪಕ್ಕದಲ್ಲೇ ಬಣ್ಣದ ಮನೆ ಹಾಕಿದ. ತಮ್ಮ ನೂಲಿಗೆ ಬಣ್ಣ ಹಾಕುತ್ತಾನೆ, ಅಕ್ಕ ಹಂಚುತ್ತಾಳೆ. ಅವನ ಕೈ ಮೊಣಕೈವರೆಗೂ ಯಾವತ್ತೂ ಒಂದಲ್ಲ ಒಂದು ಬಣ್ಣದಲ್ಲಿರುತ್ತದೆ. ಮದುವೆ ಮನೆಗಳಲ್ಲಿ ಗೊತ್ತಿಲ್ಲದವರು ಅವನ ಪಕ್ಕದ ಎಲೆಗೆ ಕೂರಲು ಹಿಂದೆ ಮುಂದೆ ನೋಡುತ್ತಾರೆ.

ಕಿಟಕಿಯ ಕೆಲಸ ಹೊರಗಿನಿಂದ ನೋಡಿದರೆ ಸುಲಭ. ಬಂದವರು ಬಣ್ಣ ಹೇಳುತ್ತಾರೆ, ಇವಳು ಕೊಡುತ್ತಾಳೆ. ಆದರೆ ಆ ಬೀದಿಯಲ್ಲಿ ಒಂದೊಂದು ಮಗ್ಗದ ಮನೆಗೂ ಬಣ್ಣಗಳಿಗೆ ಅವರದೇ ಹೆಸರು. ಬೈಲಪ್ಪನ ಮನೆಯಲ್ಲಿ ಕೆಂಪು ಮಿಶ್ರಿತ ಕಂದು ಬಣ್ಣಕ್ಕೆ ಸುಟ್ಟ ಬೆಲ್ಲ ಎನ್ನುತ್ತಾರೆ. ಅದೇ ಬಣ್ಣಕ್ಕೆ ಅಪ್ಪಯ್ಯಣ್ಣನ ಮನೆಯಲ್ಲಿ ಬೀಗಿತ್ತಿ ಬಣ್ಣ ಎಂದು ಹೆಸರು, ಯಾಕೆಂದರೆ ಅವರ ಮಗಳ ಮದುವೆಯಲ್ಲಿ ಒಬ್ಬಟ್ಟಿಗೆ ತುಪ್ಪ ಸಾಲದೆಂದು ಜಗಳ ತೆಗೆದ ಬೀಗಿತ್ತಿ ಅಂಥ ಸೀರೆ ಉಟ್ಟಿದ್ದಳು. ಅಪ್ಪಯ್ಯಣ್ಣನ ಮನೆಯಲ್ಲೂ ಸುಟ್ಟ ಬೆಲ್ಲ ಇದೆ, ಅದು ಹೆಚ್ಚು ಕಡಿಮೆ ಕಪ್ಪು. ಸೀನಪ್ಪನ ಮನೆಯ ಸುಟ್ಟ ಬೆಲ್ಲವೋ ಜೇನುತುಪ್ಪದ ಹಾಗೆ; ಆ ಮನೆಯವರು ಯಾವುದನ್ನೂ ಪೂರ್ತಿ ಸುಡುವ ಪೈಕಿಯಲ್ಲ. ಮಗ್ಗಕ್ಕೆ ಹೊಸ ಹಾಸು, ಅಂದರೆ ಉದ್ದದ ಎಳೆಗಳನ್ನು, ಹೂಡುವ ದಿನ ಕಪ್ಪು ಎಂಬ ಮಾತು ಯಾರೂ ಆಡಬಾರದು. ಆ ದಿನ ಕೆಲವರು ಅದನ್ನು ಎಣ್ಣೆ ಎನ್ನುತ್ತಾರೆ, ಕೆಲವರು ಬಾಯಿಬಿಡದೆ ತಲೆಗೂದಲು ಮುಟ್ಟಿಕೊಂಡು ತೋರಿಸುತ್ತಾರೆ. ತಲೆ ನರೆತವರು ಪಕ್ಕದವರ ತಲೆ ಮುಟ್ಟುತ್ತಾರೆ.

ಮುನಿರತ್ನಮ್ಮ ಬಂದವರ ಮುಖ ನೋಡುತ್ತಿದ್ದಳು, ಯಾವ ಮನೆ ಎಂದು ತಿಳಿದುಕೊಳ್ಳುತ್ತಿದ್ದಳು, ಆ ಮನೆಯ ಬಣ್ಣ ಕೊಡುತ್ತಿದ್ದಳು. ಒಮ್ಮೊಮ್ಮೆ ತಪ್ಪುತ್ತಿತ್ತು. ತಪ್ಪಿದಾಗ, "ಇದೇ ಚೆನ್ನಾಗದೆ, ತಗೊಂಡ್ಹೋಗು," ಎಂದುಬಿಡುತ್ತಿದ್ದಳು. ಅವರೂ ತಗೊಂಡು ಹೋಗುತ್ತಿದ್ದರು.

ಹೀಗೆ ನಡೆದುಕೊಂಡು ಹೋಗುತ್ತಿದ್ದಾಗ ನೆಲಮಂಗಲದ ಕಡೆಯ ಒಂದು ಖಾಸಗಿ ಶಾಲೆಯವರು ಮೇಡಂಗಳ ಯೂನಿಫಾರಂ ಸೀರೆಗೆ ಆರ್ಡರ್ ಕೊಟ್ಟರು. ಸಂಘದ ಸೆಕ್ರೆಟರಿ ನಂದಕುಮಾರ ಕಂಪ್ಯೂಟರಿನಲ್ಲಿ ಸುಟ್ಟ ಬೆಲ್ಲ ಎಂದು ಹಾಕಿ, ಬೈಲಪ್ಪ, ಅಪ್ಪಯ್ಯಣ್ಣ, ಸೀನಪ್ಪ ಮೂವರಿಗೂ ಹಂಚಿದ. ಮೂವರೂ ಕಿಟಕಿಗೆ ಬಂದು ಸುಟ್ಟ ಬೆಲ್ಲ ಕೇಳಿದರು. ಮುನಿರತ್ನಮ್ಮ ಅವರವರ ಸುಟ್ಟ ಬೆಲ್ಲ ಅವರವರಿಗೆ ಕೊಟ್ಟಳು.

ಸೀರೆ ಹೋದವು. ಆಗಸ್ಟ್ ಹದಿನೈದಕ್ಕೆ ಮೇಡಂಗಳೆಲ್ಲ ಬಾವುಟದ ಮುಂದೆ ಸಾಲಾಗಿ ನಿಂತಾಗ ಗೊತ್ತಾಯಿತು, ಯೂನಿಫಾರಂ ಮೂರು ಬಣ್ಣದಲ್ಲಿದೆ. ಕಪ್ಪಗಿನ ಸೀರೆ ಸಿಕ್ಕವರು ತಾವೇ ಸೀನಿಯರ್ ಎಂದುಕೊಂಡರು. ಜೇನಿನ ಬಣ್ಣದವರು ಸ್ಟಾಫ್ ರೂಮಿನಲ್ಲಿ ಬೇರೆ ಬೆಂಚು ಹಾಕಿಕೊಂಡರು. ನಡುವಿನವರು ಎರಡು ಕಡೆಗೂ ಮಾತು ಬಿಟ್ಟರು. ಶಾಲೆಯ ಮುಖ್ಯಸ್ಥರು ಸಂಘಕ್ಕೆ ಫೋನ್ ಮಾಡಿ, "ನಾವು ಸೀರೆ ಕೇಳಿದ್ವಿ, ಜಾತಿ ಕೇಳಿರ್ಲಿಲ್ಲ," ಎಂದರು.

ಸಂಘದ ಅಧ್ಯಕ್ಷರು ಗೋಪಾಲಪ್ಪನವರು. ಅವರಿಗೆ ಇದು ಮರ್ಯಾದೆಯ ಪ್ರಶ್ನೆಯಾಯಿತು. ಯಾರೋ ಹೇಳಿದರೆಂದು ಬಿಂದುಶ್ರೀ ಎಂಬ ಹುಡುಗಿಯನ್ನು ಕರೆಸಿದರು. ಹೊಸಕೋಟೆ ತಾಲ್ಲೂಕು ಅನುಗೊಂಡನಹಳ್ಳಿಯ ರೈತರ ಮನೆ ಮಗಳು, ಕಾರ್ಖಾನೆಯೊಂದರಲ್ಲಿ ಸಾಮಾನುಗಳ ಹೆಸರು, ಲೆಕ್ಕ ಸರಿಮಾಡುವ ಕೆಲಸ ಮಾಡಿದವಳು. ಎರಡು ಬಸ್ಸು ಬದಲಾಯಿಸಿ ಬಂದು, ಬೆವರು ಒರೆಸಿಕೊಂಡು, "ಸರ್, ನಿಮಗೆ ಬೇಕಾಗಿರೋದು ಡೇಟಾ ಗವರ್ನೆನ್ಸ್," ಎಂದಳು.

"ಹಂಗಂದ್ರೆ?"

"ಯಾವುದಕ್ಕೆ ಯಾವ ಹೆಸರು, ಆ ಹೆಸರು ಯಾರು ಇಡ್ಬೇಕು, ಯಾರು ಬದಲಾಯಿಸ್ಬೋದು, ಅನುಮಾನ ಬಂದ್ರೆ ಯಾರನ್ನ ಕೇಳ್ಬೇಕು, ಇದಕ್ಕೆಲ್ಲ ಒಬ್ಬೊಬ್ಬರು ಜವಾಬ್ದಾರರು ಇರೋದು ಸರ್."

"ಮನೇಲಿ ಹಿರೀಕರು ಇದ್ದಂಗೆ."

"ಹೌದು ಸರ್. ಆದ್ರೆ ಕೂಗಾಡಲ್ಲ."

"ಸರಿ ಕಣಮ್ಮ. ಆದ್ರೆ ಒಂದು ಮಾತು. ಯಾರಿಗೂ ತೊಂದ್ರೆ ಆಗ್ಬಾರ್ದು. ನೀನು ಬಂದಿದೀಯ ಅಂತ ಒಂದು ಮಗ್ಗಕ್ಕೂ ಗೊತ್ತಾಗ್ಬಾರ್ದು. ನಿನ್ನಿಂದ ಒಂದು ಲಾಳಿ ನಿಂತ್ರೂ ನಾನೇ ಬಸ್ ಸ್ಟ್ಯಾಂಡಿಗೆ ಬಂದು ಹತ್ತಿಸಿ ಬರ್ತೀನಿ."

ಬಿಂದುಶ್ರೀ ಆ ಮಾತನ್ನು ಚಾಚೂ ತಪ್ಪದೆ ಪಾಲಿಸಿದಳು. ಲಡಿಗಳ ಕೋಣೆಯಲ್ಲಿ ಸೀರೆ ಗಂಟುಗಳ ಹಿಂದೆ ನಿಂತುಕೊಂಡು ಕಿಟಕಿಯಲ್ಲಿ ನಡೆಯುವುದನ್ನೆಲ್ಲ ನೋಡುತ್ತಿದ್ದಳು. ಅವಳು ಅಲ್ಲಿರುವುದು ಮೊದಲ ದಿನವೇ ಇಡೀ ಬೀದಿಗೆ ಗೊತ್ತಾಯಿತು. ಆದರೆ ಗೊತ್ತಾಗಬಾರದು ಎಂದು ಅಧ್ಯಕ್ಷರು ಹೇಳಿದ್ದಾರಲ್ಲ, ಹಾಗಾಗಿ ಯಾರೂ ಗೊತ್ತಿದೆ ಎಂದು ತೋರಿಸಿಕೊಳ್ಳಲಿಲ್ಲ. ಬೈಲಪ್ಪನ ಹೆಂಡತಿ ಸಪ್ಪಲಮ್ಮ ಫ್ಲಾಸ್ಕಿನಲ್ಲಿ ಕಾಫಿ ತಂದು, "ಅಯ್ಯೋ, ಇದನ್ನ ಇಲ್ಲೇ ಮರೆತುಬಿಟ್ಟೆ," ಎಂದು ಗಟ್ಟಿಯಾಗಿ ಹೇಳಿ ಗಂಟಿನ ಮೇಲಿಟ್ಟು ಹೋಗುತ್ತಿದ್ದಳು. ಸೀನಪ್ಪ ಗೋಡೆಯ ಕಡೆ ತಿರುಗಿ, "ಈ ಕಡೆ ಫ್ಯಾನ್ ಇಲ್ದೆ ಯಾರಾದ್ರೂ ನಿಂತಿದ್ರೆ ಪಾಪ ಎಷ್ಟು ಸೆಖೆ," ಎಂದು ಹೇಳಿ ಒಂದು ಟೇಬಲ್ ಫ್ಯಾನನ್ನು ಗಂಟುಗಳ ಕಡೆ ತಿರುಗಿಸಿ ಹಾಕಿ ಹೋದ. ಸೀರೆ ಗಂಟುಗಳು ಸೀನಿದರೂ ಜನ ತಿರುಗಿ ನೋಡಲಿಲ್ಲ.

ಕೊನೆಗೆ ಮುನಿರತ್ನಮ್ಮನೇ ತಡೆಯಲಾರದೆ, "ಬಾ ಮಗಳೆ, ಈಚೆ ಕೂತ್ಕೊ. ನಿನ್ನ ನೋಡ್ದಂಗೆ ಇರೋದ್ರಲ್ಲೇ ನಮ್ಗೆ ಅರ್ಧ ಕೆಲ್ಸ ಕೆಡ್ತಾ ಅದೆ," ಎಂದಳು.

ಬಿಂದುಶ್ರೀ ಈಚೆ ಬಂದು ನೆಲದ ಮೇಲೆ ಕೂತಳು. "ಅಮ್ಮ, ನಾನೇನೂ ಹೊಸದು ತರಲ್ಲ. ನೀವು ಮಾಡ್ತಿರೋದಕ್ಕೇ ಒಂದು ಹೆಸರು ಕೊಡ್ತೀನಿ ಅಷ್ಟೆ. ಬಣ್ಣಗಳ ಜವಾಬ್ದಾರಿ ಈಗ್ಲೂ ನಿಮ್ದೇ ಅಲ್ವಾ?"

"ಹೂಂ ಕಣಮ್ಮ. ತಪ್ಪಾದ್ರೆ ಎಲ್ಲಾರೂ ನನ್ನೇ ಬೈತಾರೆ."

"ಅದನ್ನೇ ಜವಾಬ್ದಾರಿ ಅನ್ನೋದು."

ಮುನಿರತ್ನಮ್ಮನಿಗೆ ಹುಡುಗಿ ಹಿಡಿಸಿದಳು. ಆದರೆ ಅದೇ ಮಧ್ಯಾಹ್ನ ನಂದಕುಮಾರ ಟೀ ಕುಡಿಯುತ್ತಾ ಬಂದು ಒಂದು ಮಾತು ಹೇಳಿದ. "ಅಕ್ಕ, ಒಂದೊಂದು ಬಣ್ಣಕ್ಕೂ ಒಂದೇ ಹೆಸರು ಅಂತ ಆಗ್ಬಿಟ್ರೆ ಆಯ್ತು. ಟೋಕನ್ ಕೊಟ್ರೆ ಯಾರು ಬೇಕಾದ್ರೂ ಎತ್ಕೊಡ್ಬೋದು. ಕಿಟಕಿ ಮುಚ್ಚಿ ಅಲ್ಲಿ ಒಂದು ಕಪಾಟು ಇಡೋಣ ಅಂತಿದೀನಿ. ನೀವು ಆಮೇಲೆ ಆರಾಮಾಗಿ ಮನೇಲಿರಿ."

ಅವನು ಒಳ್ಳೆಯದಕ್ಕೇ ಹೇಳಿದ್ದು. ಮುನಿರತ್ನಮ್ಮನಿಗೆ ಮಾತ್ರ ಮನೆಯಲ್ಲಿ ಆರಾಮ ಎಂಬುದು ಇರಲಿಲ್ಲ. ಗಂಡ ಪಾಪಯ್ಯ ಮಗ್ಗ ಬಿಟ್ಟ ಮೇಲೆ ಅವನಿಗೆ ನಿಶ್ಶಬ್ದ ಒಗ್ಗದೆ ಹೋಯಿತು. ಸುಮ್ಮನಿದ್ದರೆ ತಲೆ ಸುತ್ತುತ್ತದೆ ಎನ್ನುತ್ತಾನೆ. ಬೆಳಿಗ್ಗೆ ಎದ್ದು ಖಾಲಿ ಮಿಕ್ಸಿ ಹಾಕಿಕೊಂಡು, ಅದರ ಪಕ್ಕದಲ್ಲಿ ಕಾಲು ಚಾಚಿ ಪೇಪರ್ ಓದುತ್ತಾನೆ. ಮಿಕ್ಸಿ ಬಿಸಿಯಾದರೆ ಅದಕ್ಕೆ ಒದ್ದೆ ಬಟ್ಟೆ ಹೊದಿಸಿ, ಅದು ತಣ್ಣಗಾಗುವ ತನಕ ಬಕೆಟ್ ಬಡಿಯುತ್ತಾನೆ. ರಿಪೇರಿಯವನು, "ಯಜಮಾನ್ರೆ, ಒಂದೆರಡು ಕಾಳಾದ್ರೂ ಹಾಕಿ ತಿರುಗ್ಸಿ," ಎಂದು ಕೈ ಮುಗಿದಿದ್ದ. ಅವಳಿಗೆ ಕಿಟಕಿಯ ಬಳಿ ಬಂದು ಕೂತರೇನೇ ಉಸಿರು. ಅಲ್ಲಿ ಜನ ಬರುತ್ತಾರೆ, ಯಾರ ಮನೆಯಲ್ಲಿ ಯಾರು ಬಸುರಿ, ಯಾರು ಮುನಿಸಿಕೊಂಡಿದ್ದಾರೆ, ಎಲ್ಲ ಕಿವಿಗೆ ಬೀಳುತ್ತದೆ. ಅದನ್ನು ಬಿಟ್ಟು ಮಿಕ್ಸಿಯ ಜೊತೆ ದಿನವೆಲ್ಲ ಹೇಗೆ ಕಳೆಯುವುದು?

ಭಾನುವಾರ ಕರೆಂಟು ಇಲ್ಲದ ಹೊತ್ತು ನೋಡಿ, ಯಾರ ಮಗ್ಗಕ್ಕೂ ತೊಂದರೆಯಾಗದ ಹಾಗೆ, ಸಂಘದ ಅಂಗಳದಲ್ಲಿ ಸಭೆ ಸೇರಿಸಿದರು. ಬಿಂದುಶ್ರೀ ಕೆಂಪು ಕಂದು ಲಡಿಯೊಂದನ್ನು ಎತ್ತಿ ಹಿಡಿದು, "ಇದಕ್ಕೆ ಎಲ್ಲರೂ ಒಪ್ಪೋ ಒಂದು ಹೆಸರು ಹೇಳಿ," ಎಂದಳು.

"ಸುಟ್ಟ ಬೆಲ್ಲ," ಎಂದ ಬೈಲಪ್ಪ.

"ಅದು ಬೀಗಿತ್ತಿ ಬಣ್ಣ. ಸುಟ್ಟ ಬೆಲ್ಲ ಬೇರೆ," ಎಂದ ಅಪ್ಪಯ್ಯಣ್ಣ.

"ನಿಮ್ ಬೀಗಿತ್ತಿಗೋಸ್ಕರ ನಾವ್ಯಾಕಪ್ಪಾ ಹೆಸರು ಬದಲಾಯಿಸ್ಬೇಕು? ನಮ್ಮನೆ ಬೀಗಿತ್ತಿ ಹಳದಿ ಉಟ್ಟಿದ್ಲು," ಎಂದ ಬೈಲಪ್ಪ.

"ಹಂಗಾದ್ರೆ ಬೇರೆ ಮಾಡಾಣ," ಎಂದು ನಂದಕುಮಾರ ಎದ್ದ. "ಇದಕ್ಕೆ ಕೆಂಪುಕಂದು ಒಂದು. ಅದರ ಪಕ್ಕದ್ದಕ್ಕೆ ಕೆಂಪುಕಂದು ಎರಡು. ಮುಗೀತು."

ಬೇರೆ ಮನೆಯವರ ಹೆಸರು ಗೆಲ್ಲಲಿಲ್ಲವಲ್ಲ ಎಂಬ ಸಮಾಧಾನ ಎಲ್ಲರಿಗೂ ಇತ್ತು. ಆಗ ಸಪ್ಪಲಮ್ಮ ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ಮುಂದೆ ಬಂದಳು.

"ಹೆಸರಿಡೋದು ಅಂದ್ರೆ ಹಿಂಗಾ? ಅಂಗಳದಲ್ಲಿ ನಿಂತ್ಕೊಂಡು, ಸೆಕ್ರೆಟರಿ ಬಾಯಿಗೆ ಬಂದಿದ್ದು? ತೊಟ್ಟಿಲು ಎಲ್ಲಿ? ಸೋದರತ್ತೆ ಎಲ್ಲಿ?"

ಜನ ನಕ್ಕರು. ಬಿಂದುಶ್ರೀ ನಗಲಿಲ್ಲ. ಇರುವ ಪದ್ಧತಿಯನ್ನೇ ಹಿಡಿದು ನಡೆ, ಹೊಸದನ್ನು ಹೇರಬೇಡ ಎಂದು ಅವಳಿಗೆ ಕಲಿಸಿದ್ದರು. "ನಿಮ್ಮಲ್ಲಿ ಹೆಸರಿಡೋ ಹಕ್ಕು ಸೋದರತ್ತೇದಾ?" ಎಂದು ಕೇಳಿದಳು.

"ಮತ್ತಿನ್ಯಾರ್ದು? ಅಪ್ಪನ ಅಕ್ಕನೋ ತಂಗೀನೋ ಕಿವೀಲಿ ಹೇಳ್ಬೇಕು. ಹೇಳಿದ್ಮೇಲೆ ಬ್ರಹ್ಮ ಬಂದ್ರೂ ತಿದ್ದಂಗಿಲ್ಲ."

"ಹಾಗಾದ್ರೆ ಹಾಗೇ ಮಾಡೋಣ," ಎಂದಳು ಬಿಂದುಶ್ರೀ.

ಈಗ ನಗುವುದು ನಿಂತು ನಿಜವಾದ ಚರ್ಚೆ ಶುರುವಾಯಿತು. ಲಡಿಗೆ ಅಪ್ಪ ಯಾರು? ಬಣ್ಣ ಕೊಟ್ಟವನು ಅಪ್ಪ; ಹಾಗಾದರೆ ಯೋಗಾನಂದ. ಯೋಗಾನಂದ ಹಸಿರು ಕೈಗಳನ್ನು ಬೆನ್ನ ಹಿಂದೆ ಬಚ್ಚಿಟ್ಟುಕೊಂಡ. ತಾಯಿ? ನೂಲೇ ತಾಯಿ, ಸೂರತ್ತಿನಿಂದ ಬಂದವಳು. "ಅದಕ್ಕೇ ಒಂದೊಂದ್ಸಲ ಮಾತು ಕೇಳಲ್ಲ," ಎಂದ ಸೀನಪ್ಪ. ಸೋದರತ್ತೆ ಯಾರೆಂದು ಹುಡುಕಬೇಕಾಗಿರಲಿಲ್ಲ. ಎಲ್ಲರೂ ಮುನಿರತ್ನಮ್ಮನ ಕಡೆ ತಿರುಗಿದರು.

ಅವಳಿಗೆ ಇಕ್ಕಟ್ಟಾಯಿತು. ಹೆಸರಿಟ್ಟರೆ ಕಿಟಕಿ ಮುಚ್ಚುತ್ತದೆ. ಇಡುವುದಿಲ್ಲ ಎಂದರೆ, ತಮ್ಮನ ಮಗುವಿಗೆ ಹೆಸರಿಡಲು ಒಲ್ಲೆ ಎಂದ ಹಾಗೆ; ಆ ಬೀದಿಯಲ್ಲಿ ಯಾವ ಹೆಂಗಸೂ ಆಡದ ಮಾತು. "ಏನ್ ಮಾಡ್ಲಪ್ಪಾ?" ಎಂದು ತಮ್ಮನನ್ನು ಕೇಳಿದರೆ ಅವನು, "ನನ್ನ ಕೇಳ್ಬೇಡ ಅಕ್ಕ, ಬೆಳಿಗ್ಗೆ ತನಕ ನಂಗೆ ಮದುವೇನೇ ಆಗಿರ್ಲಿಲ್ಲ," ಎಂದ. ಅದು ನಿಜವೇ, ನಲವತ್ತು ದಾಟಿದ ಬ್ರಹ್ಮಚಾರಿ ಅವನು.

ಕೊನೆಗೆ ಅವಳು ಹೂಂ ಎಂದಳು, ಶಾಸ್ತ್ರ ಶುಕ್ರವಾರಕ್ಕೆ ನಿಗದಿಯಾಯಿತು. ಅಪ್ಪಯ್ಯಣ್ಣನ ಮನೆಯಿಂದ ತೊಟ್ಟಿಲು ಬಂತು. ಲಡಿಗೆ ಅರಿಶಿನ ಕುಂಕುಮ ಇಟ್ಟು, ಹಳೆಯ ಮೆತ್ತನೆ ಸೀರೆ ಹಾಸಿ ಮಲಗಿಸಿದರು. ಲಡಿಗೆ ಕಿವಿ ಯಾವುದು ಎಂದು ಸ್ವಲ್ಪ ಹೊತ್ತು ಮಾತಾಗಿ, ಗಂಟು ಹಾಕಿದ ತುದಿಯೇ ಕಿವಿ ಎಂದು ತೀರ್ಮಾನವಾಯಿತು. ಕೆಂಪುಕಂದು ಒಂದು ಎಂಬ ಹೆಸರನ್ನು ಮುನಿರತ್ನಮ್ಮ ಬೆಳಿಗ್ಗೆಯಿಂದ ಬಾಯಿಪಾಠ ಮಾಡುತ್ತಿದ್ದಳು. ಹೇಳಲು ಮನಸ್ಸಿಲ್ಲ, ಆದರೂ ಒಪ್ಪಿಕೊಂಡದ್ದನ್ನು ಹೇಳಿಬಿಡಬೇಕು ಎಂದು ಗಟ್ಟಿ ಮಾಡಿಕೊಂಡಿದ್ದಳು.

ಆ ಬೀದಿಯ ಮನೆಗಳಲ್ಲಿ ಇನ್ನೊಂದು ರೂಢಿ ಇದೆ. ಸೋದರತ್ತೆ ಬಗ್ಗಿ ಕಿವಿಯಲ್ಲಿ ಹೆಸರು ಹೇಳುವಾಗ ಉಳಿದ ಹೆಂಗಸರು ಅವಳ ಬೆನ್ನಿಗೆ ಗುದ್ದಬೇಕು. ಶಾಸ್ತ್ರಕ್ಕೆ ಮೆಲ್ಲಗೆ ಗುದ್ದಿದರೆ ಸಾಕು. ಆದರೆ ಸಪ್ಪಲಮ್ಮನ ಕೈ ಮಗ್ಗಕ್ಕೆ ಪಳಗಿದ ಕೈ. ಮುನಿರತ್ನಮ್ಮ ಬಗ್ಗಿ ಬಾಯಿ ತೆರೆದಳು, ಬೆನ್ನಿಗೆ ಗುದ್ದು ಬಿತ್ತು, ಬಾಯಿಪಾಠ ಮಾಡಿದ್ದೆಲ್ಲ ಒಟ್ಟಿಗೆ ಹಾರಿಹೋಯಿತು. ಏನೋ ಒಂದು ಹೆಸರು ಬಂತು. ಮೂರು ಸಲ ಹೇಳಬೇಕಲ್ಲ, ಅದನ್ನೇ ಮೂರು ಸಲ ಹೇಳಿದಳು.

"ಏನ್ ಹೆಸರು? ಏನ್ ಹೆಸರು?" ಎಂದು ಹೆಂಗಸರು ಕೂಗಿದರು.

"ನಾಗವೇಣಿ," ಎಂದಳು ಮುನಿರತ್ನಮ್ಮ.

ತನಗೊಂದು ಹೆಣ್ಣು ಹುಟ್ಟಿದರೆ ಇಡಬೇಕೆಂದು ಅವಳು ಎತ್ತಿಟ್ಟುಕೊಂಡಿದ್ದ ಹೆಸರು ಅದು. ಹುಟ್ಟಿದ್ದು ಒಬ್ಬನೇ ಗಂಡು.

ನಂದಕುಮಾರ ಕಂಪ್ಯೂಟರಿನ ಮುಂದೆ ಕೂತಿದ್ದವನು ಎದ್ದು ಬಂದ. "ಅಕ್ಕ, ಕೆಂಪುಕಂದು ಒಂದು ಅಲ್ವಾ?"

"ಬಾಯಿ ತಪ್ಪಿ ಬಂದ್ಬಿಡ್ತು ಕಣಪ್ಪ."

"ಸರಿ, ಇನ್ನೊಂದ್ಸಲ ಹೇಳಿ."

ಹೆಂಗಸರೆಲ್ಲ ಒಟ್ಟಿಗೆ ಅವನ ಮೇಲೆ ಬಿದ್ದರು. ಕಿವಿಯಲ್ಲಿ ಹೇಳಿದ ಹೆಸರನ್ನು ಹಿಂದಕ್ಕೆ ತೆಗೆದುಕೊಳ್ಳುವುದೆಂದರೆ ಏನೆಂದು ಅವನ ಅಮ್ಮನನ್ನು ಕೇಳಿಕೊಂಡು ಬರಲಿ ಎಂದರು. "ಆಯ್ತು, ಇದು ನಾಗವೇಣಿ. ಉಳಿದಿದ್ದಕ್ಕೆ ನಂಬರ್ ಹಾಕಣ," ಎಂದ ಅವನು.

"ಒಂದು ಮಗೂಗೆ ನಾಗವೇಣಿ, ಇನ್ನೊಂದು ಮಗೂಗೆ ನಂಬರ್ರಾ?" ಎಂದಳು ಸಪ್ಪಲಮ್ಮ. "ಇದೇನು ಸಂಘನಾ, ಜೈಲಾ?"

ಬಿಂದುಶ್ರೀ ಸುತ್ತ ನೋಡಿದಳು. ಬೈಲಪ್ಪನೂ ಅಪ್ಪಯ್ಯಣ್ಣನೂ ಸೀನಪ್ಪನೂ ಪಕ್ಕ ಪಕ್ಕ ನಿಂತು ಕೋಸಂಬರಿ ತಿನ್ನುತ್ತಿದ್ದರು. ಯಾರ ಹೆಸರೂ ಗೆದ್ದಿರಲಿಲ್ಲ. ಅವಳು ಕೇಳಿದಳು: "ಮನೇಲಿ ಕರೆಯೋ ಹೆಸರು ಬೇರೆ, ಸ್ಕೂಲಿನಲ್ಲಿರೋ ಹೆಸರು ಬೇರೆ, ಹಾಗೆ ನಡೆಯುತ್ತಾ? ಮನೇಲಿ ನೀವು ಬೀಗಿತ್ತಿ ಅನ್ನಿ, ಬೆಲ್ಲ ಅನ್ನಿ. ಆರ್ಡರಿನಲ್ಲಿ ಮಾತ್ರ ನಾಗವೇಣಿ."

"ನಡೀದೆ ಏನು?" ಎಂದ ಅಪ್ಪಯ್ಯಣ್ಣ. "ನನ್ನೇ ಮನೇಲಿ ಪುಟ್ಟ ಅಂತಾರೆ. ನಂಗೆ ಅರವತ್ತಾಯ್ತು."

ಹೀಗೆ ವಾರವೆಲ್ಲ ಸಂಜೆ ಸಂಜೆ ತೊಟ್ಟಿಲ ಶಾಸ್ತ್ರ ನಡೆಯಿತು. ಮುನಿರತ್ನಮ್ಮ ಬೆನ್ನಿಗೆ ಎಣ್ಣೆ ಹಚ್ಚಿಕೊಂಡು ಬರುತ್ತಿದ್ದಳು. ಕಪ್ಪಗಿನದಕ್ಕೆ ಕೃಷ್ಣವೇಣಿ ಎಂದಾಯಿತು, ಹೊಸ ಹಾಸಿನ ದಿನವೂ ಕೂಗಿ ಕರೆಯಬಹುದು ಎಂದು ಎಲ್ಲರಿಗೂ ಖುಷಿ. ಜೇನಿನ ಬಣ್ಣ ಪದ್ಮಾಕ್ಷಿ. ಗಿಳಿ ಹಸಿರು ಗಂಡುಮಗು ಎಂದು ಯಾರಿಗೋ ಅನ್ನಿಸಿ ನರಸಿಂಹಮೂರ್ತಿ ಆಯಿತು. ಯೋಗಾನಂದನಿಗೆ ಬೀದಿಯಲ್ಲಿ ಗೌರವ ಹೆಚ್ಚಿತು. ಬಣ್ಣ ಸ್ವಲ್ಪ ತೆಳುವಾಗಿ ಬಂದರೆ ಜನ, "ಏನಪ್ಪಾ, ಪದ್ಮಾಕ್ಷಿಗೆ ಮೈ ಹುಷಾರಿಲ್ವಾ?" ಎಂದು ವಿಚಾರಿಸುತ್ತಿದ್ದರು. ಶಾಲೆಯವರಿಗೆ ಮತ್ತೆ ನೇಯ್ದು ಕೊಟ್ಟ ಸೀರೆಗಳೆಲ್ಲ ನಾಗವೇಣಿಯೇ ಆಗಿದ್ದವು. ಒಂದೂ ಬೇರೆಯಾಗಲಿಲ್ಲ. ಮೇಡಂಗಳು ಬೆಂಚು ಕೂಡಿಸಿಕೊಂಡರಂತೆ.

ಅಂದರೆ ನಂದಕುಮಾರ ಹೇಳಿದ ದಿನವೂ ಬಂತು ಎಂದಾಯಿತು. ಹೆಸರು ಒಂದೊಂದೇ ಆಗಿದ್ದವು, ಕಂಪ್ಯೂಟರಿಗೂ ಹತ್ತಿದ್ದವು. ಒಂದು ಸೋಮವಾರ ಬೆಳಿಗ್ಗೆ ಮುನಿರತ್ನಮ್ಮ ಬಂದಾಗ ಅವಳ ಸ್ಟೂಲಿನ ಮೇಲೆ ನಂದಕುಮಾರನೇ ಕೂತಿದ್ದ. ಮುಂದೆ ಟೋಕನ್‌ಗಳ ಡಬ್ಬಿ. "ಕೂತ್ಕೊಳ್ಳಿ ಅಕ್ಕ, ಹೆಂಗೆ ನಡೀತದೆ ನೋಡಿ," ಎಂದು ಒಂದು ಕುರ್ಚಿ ಹಾಕಿಸಿದ. ಪ್ಲಾಸ್ಟಿಕ್ ಕುರ್ಚಿ, ಸಂಘಕ್ಕೆ ಬರುವ ಅತಿಥಿಗಳದು. ಅವಳು ಅದರ ಅಂಚಿನಲ್ಲಿ ಕೂತಳು. ಅಳು ಬಂದರೆ ಆಕಳಿಕೆ ಎಂದು ಹೇಳಬೇಕು ಎಂದುಕೊಂಡಳು.

ಮೊದಲು ಬಂದವಳು ಸಪ್ಪಲಮ್ಮ. ಟೋಕನ್ ಕೊಟ್ಟಳು. ನಂದಕುಮಾರ ಸರಿಯಾದ ಲಡಿಯನ್ನೇ ತೆಗೆದು ಚಾಚಿದ. "ತಗೊಳ್ಳಿ, ನಾಗವೇಣಿ."

ಸಪ್ಪಲಮ್ಮ ಕೈ ಚಾಚಲಿಲ್ಲ. "ಹೆಣ್ಣುಮಗು ಕಣಪ್ಪ ಅದು."

"ಆದ್ರೇನು?"

"ಅವಳ ಅತ್ತೆ ಅಲ್ಲೇ ಕೂತವ್ಳೆ. ಅವಳನ್ನ ಬಿಟ್ಟು ನೀನ್ಯಾರು ಎತ್ಕೊಡಕ್ಕೆ? ನಾನು ನಿನ್ ಕೈಯಿಂದ ಇಸ್ಕೊಂಡು ಹೋದ್ರೆ ನಾಳೆ ಜನ ಏನಂತಾರೆ?"

"ನೂಲು ಕಣಕ್ಕ ಅದು!"

"ನೂಲಿಗೆ ತೊಟ್ಟಿಲು ಹಾಕ್ದಾಗ ನೀನೂ ಒಬ್ಬಟ್ಟು ತಿಂದೆ."

ಹಿಂದೆ ನಿಂತಿದ್ದ ಬೈಲಪ್ಪ ಮೊದಲು ನಕ್ಕ. ಆಮೇಲೆ ಯೋಚನೆ ಮಾಡಿ, ತನ್ನ ಟೋಕನ್ನನ್ನೂ ಜೇಬಿಗೆ ಹಾಕಿಕೊಂಡ. ಸೀನಪ್ಪ ಬಂದ, ವಿಷಯ ತಿಳಿದು ಅವನೂ ನಿಂತ. ತಮಾಷೆಗೆ ನಿಂತವರು ಯಾರು, ನಿಜಕ್ಕೂ ನಿಂತವರು ಯಾರು ಎಂದು ಹೇಳುವ ಹಾಗಿರಲಿಲ್ಲ. ನಿಂತವರಿಗೇ ಗೊತ್ತಿದ್ದ ಹಾಗಿರಲಿಲ್ಲ. ಸಾಲು ಬೀದಿಯ ತಿರುವಿನವರೆಗೂ ಬೆಳೆಯಿತು. ಮನೆಗಳಲ್ಲಿ ಇದ್ದ ನೂಲು ಮುಗಿದು ಒಂದು ಮಗ್ಗ ನಿಂತಿತು, ಅದರ ಪಕ್ಕದ್ದು ನಿಂತಿತು. ಬೀದಿಗೆ ಬೀದಿಯೇ ತಣ್ಣಗಾಯಿತು.

ಗೋಪಾಲಪ್ಪನವರು ಎದೆ ಹಿಡಿದುಕೊಂಡು ಓಡಿ ಬಂದರು. "ಯಾಕ್ರಯ್ಯಾ ಸದ್ದಿಲ್ಲ? ಯಾರಾದ್ರೂ ಹೋದ್ರಾ?"

ವಿಷಯ ಹೇಳಿದರು. ಅವರು ಬಿಂದುಶ್ರೀಯ ಕಡೆ ತಿರುಗಿ, "ಮಗ್ಗ ನಿಂತ್ವು ಕಣಮ್ಮ," ಎಂದರು. ಬಸ್ ಸ್ಟ್ಯಾಂಡಿನ ಮಾತು ಅವರ ಬಾಯಿಯ ತುದಿಯಲ್ಲಿತ್ತು.

"ನನ್ನಿಂದ ಅಲ್ಲ ಸರ್," ಎಂದಳು ಬಿಂದುಶ್ರೀ. "ನಾನು ಹೆಸರಿನ ಹಕ್ಕು ಯಾರ್ದು ಅಂತ ಮಾತ್ರ ಹೇಳ್ದೆ. ಆ ಹಕ್ಕಿನವರನ್ನೇ ಯಾರೋ ಸ್ಟೂಲಿಂದ ಎಬ್ಬಿಸಿ ಕುರ್ಚೀಲಿ ಕೂರಿಸಿದಾರೆ."

ಗೋಪಾಲಪ್ಪನವರು ನಂದಕುಮಾರನನ್ನು ನೋಡಿದರು. "ಏನಯ್ಯಾ, ಸೋದರತ್ತೆನ ರಿಟೈರ್ ಮಾಡಕ್ಕಾಗ್ತದೇನಯ್ಯಾ? ನಿಮ್ಮನೇಲಿ ಮಾಡಿದೀರಾ?"

"ನಮ್ಮನೇಲಿ ಪ್ರಯತ್ನಪಟ್ವಿ ಸರ್," ಎಂದ ನಂದಕುಮಾರ, ತಲೆ ತಗ್ಗಿಸಿ. "ಆಗ್ಲಿಲ್ಲ."

ಅವನು ಎದ್ದ. ಮುನಿರತ್ನಮ್ಮ ಕುರ್ಚಿಯಿಂದ ಎದ್ದು ಸ್ಟೂಲಿನ ಮೇಲೆ ಕೂತು, ಸೆರಗು ಸರಿಮಾಡಿಕೊಂಡು, ನಾಗವೇಣಿಯನ್ನು ಎರಡೂ ಕೈಯಲ್ಲಿ ಎತ್ತಿ ಸಪ್ಪಲಮ್ಮನಿಗೆ ಕೊಟ್ಟಳು. ಹಿಂದೆ ಬೀದಿಯಲ್ಲಿ ಮಗ್ಗಗಳು ಒಂದೊಂದಾಗಿ ಬಾಯಿ ಬಿಟ್ಟವು.

"ಮುನಿರತ್ನಮ್ಮ," ಎಂದು ಗೋಪಾಲಪ್ಪನವರು ಮಗ್ಗಗಳ ಸದ್ದನ್ನೂ ಮೀರಿ ಕೂಗಿ ಕೇಳಿದರು, "ಇನ್ನ ಎಷ್ಟು ವರ್ಷ ಕೂರ್ಬೇಕು ಅಂತಿದೀಯಮ್ಮ?"

"ಎಲ್ಲಾ ಸಣ್ಣ ಮಕ್ಳು ಸಾಹೇಬ್ರೆ," ಎಂದಳು ಅವಳು. "ಒಂದು ದಡ ಸೇರ್ಸೋವರ್ಗೂ ಕೂರ್ಲೇಬೇಕಲ್ಲ."

ಅಷ್ಟರಲ್ಲಿ ಹಿಂದಿನ ಬಾಗಿಲಿನಿಂದ ಯೋಗಾನಂದ ಬಂದ. ಕೈಯೆರಡೂ ಯಾರೂ ಕಂಡಿರದ ಬಣ್ಣದಲ್ಲಿದ್ದವು, ನೇರಳೆಯೂ ಅಲ್ಲ, ನೀಲಿಯೂ ಅಲ್ಲ. ನೀರು ಸೋರುವ ಲಡಿಯನ್ನು ಎದೆಗೆ ಅಪ್ಪಿಕೊಂಡು ನಾಚಿಕೆಯಿಂದ ನಿಂತಿದ್ದ.

"ಅಕ್ಕ," ಎಂದ, "ಇನ್ನೊಂದು ಹುಟ್ತು."